ಟ್ರಾನ್ಸ್‌ಫರ್ ಕೇಸಿನ ಆಯಿಲ್‌ಗೆ ವಾರಸುದಾರರು ಯಾರು?

ಮೂಡಿಗೆರೆ, ಕಳಸ, ಕೊಪ್ಪ, ಸಕಲೇಶಪುರದ ಕಡೆ ಫೋರ್ ವೀಲ್ ಡ್ರೈವ್ ಗಾಡಿ ಅಂದರೆ ಯಾರೂ ತಿರುಗಿ ನೋಡುವುದಿಲ್ಲ. ಹಳೇ ಜೀಪು, ಜಿಪ್ಸಿ, ಥಾರ್, ಸ್ಕಾರ್ಪಿಯೊ, ಫಾರ್ಚುನರ್, ಈಗೀಗ ಜಿಮ್ನಿ. ಕಾಫಿಗೆ ರೇಟು ಬಂದ ವರ್ಷ ಒಂದೆರಡು ಜರ್ಮನ್ ಗಾಡಿಗಳೂ ಘಾಟಿ ಹತ್ತಿ ಬರುತ್ತವೆ. ಇವುಗಳ ಮಾಲೀಕರನ್ನು ನಿಲ್ಲಿಸಿ ಎಂಜಿನ್ ಆಯಿಲ್ ಯಾವುದು ಹಾಕಿಸಿದಿರಿ ಅಂತ ಕೇಳಿ. ಬ್ರ್ಯಾಂಡು, ಗ್ರೇಡು, ಯಾವ ತಿಂಗಳು, ಎಲ್ಲ ಬಾಯಿಪಾಠ. ಟ್ರಾನ್ಸ್‌ಫರ್ ಕೇಸಿಗೆ ಯಾವುದು ಹಾಕಿಸಿದಿರಿ ಅಂತ ಕೇಳಿ ನೋಡಿ. ‘ಅದಕ್ಕೂ ಬೇರೆ ಆಯಿಲ್ ಇರುತ್ತಾ?’ ಅನ್ನುತ್ತಾರೆ. ಇಪ್ಪತ್ತೈದು ಲಕ್ಷದ ಗಾಡಿಯವರೂ ಅದನ್ನೇ ಅನ್ನುತ್ತಾರೆ.

ಮಾಲೀಕರನ್ನು ಮಾತ್ರ ಬೈದು ಪ್ರಯೋಜನವಿಲ್ಲ. ನಾನು ಗ್ಯಾರೇಜಿನವನು. ನನ್ನ ಹತ್ತಿರ ಬರುವ ಗಾಡಿಗಳಲ್ಲಿ ವಾರಂಟಿ ಮುಗಿದವು, ಕೈ ಬದಲಾದವೇ ಹೆಚ್ಚು. ಗ್ಲೋವ್ ಬಾಕ್ಸಿನಲ್ಲಿ ಹಳೇ ಸರ್ವಿಸ್ ಬಿಲ್ಲುಗಳ ಕಟ್ಟು ಇದ್ದರೆ ಬಾನೆಟ್ ಎತ್ತುವ ಮೊದಲು ಅದನ್ನು ಬಿಚ್ಚಿ ಓದುತ್ತೇನೆ. ಎಂಜಿನ್ ಆಯಿಲ್ ಎಷ್ಟು ಲೀಟರ್ ಅನ್ನುವುದು ಪಾಯಿಂಟು ಸಮೇತ ಇರುತ್ತದೆ. ಎಸಿಯ ವಾಸನೆ ಹೋಗಲು ಹೊಡೆದ ಸ್ಪ್ರೇಗೊಂದು ಸಾಲು, ಡ್ಯಾಶ್‌ಬೋರ್ಡ್ ಪಾಲಿಶ್‌ಗೊಂದು ಸಾಲು, ಅಡಿಗೆ ಬಳಿದ ಕೋಟಿಂಗ್‌ಗೊಂದು ಸಾಲು. ಗಾಡಿ ಎಂಬತ್ತು ಸಾವಿರ ಕಿಲೋಮೀಟರ್ ದಾಟಿರುತ್ತದೆ, ಇಡೀ ಕಟ್ಟು ಮಗುಚಿ ಹಾಕಿದರೂ ಟ್ರಾನ್ಸ್‌ಫರ್ ಕೇಸ್ ಅನ್ನುವ ಶಬ್ದ ಸಿಗುವುದಿಲ್ಲ.

ಕೆಲವು ಕಂಪನಿಗಳು ಆ ಆಯಿಲನ್ನು ‘ಲೈಫ್‌ಟೈಮ್ ಫಿಲ್’, ಅಂದರೆ ಬದಲಿಸಬೇಕಾಗಿಯೇ ಇಲ್ಲ, ಅಂದು ಕೈತೊಳೆದುಕೊಂಡಿವೆ. ಸರ್ವಿಸ್ ಅಡ್ವೈಸರ್ ತನ್ನ ಕಂಪ್ಯೂಟರ್ ಪರದೆಯಲ್ಲಿ ಬರದ್ದನ್ನು ಬರೆಯುವುದಿಲ್ಲ. ನಮ್ಮ ಕಸುಬಿನವರಲ್ಲಿ ಬಹಳ ಮಂದಿ ಡಬ್ಬದಲ್ಲಿ ಉಳಿದದ್ದನ್ನು ಸುರಿದು ‘ಆಯ್ತು ಸಾರ್’ ಅನ್ನುತ್ತಾರೆ. ಹೀಗೆ ಗಾಡಿಯ ನಾಲ್ಕೂ ಚಕ್ರಕ್ಕೆ ಶಕ್ತಿ ಹಂಚುವ ಡಬ್ಬಿಯ ಆಯಿಲ್‌ಗೆ ಹೇಳುವವರು ಕೇಳುವವರು ಯಾರೂ ಇಲ್ಲ. ಇದು ಬದಲಾಗಬೇಕು, ಮತ್ತು ಬದಲಾವಣೆ ಕಂಪನಿಯಿಂದಲೇ ಶುರುವಾಗಬೇಕು ಅನ್ನುವುದು ನನ್ನ ವಾದ. ಯಾವ ಆಯಿಲ್, ಎಷ್ಟು, ಯಾವಾಗ ಅನ್ನುವ ಮೂರು ಮಾತು ಪ್ರತಿ ಗಾಡಿಯ ಪುಸ್ತಕದಲ್ಲಿ, ಕನ್ನಡದಲ್ಲಿ ಇರಬೇಕು. ಹಾಕಿದ ಆಯಿಲ್‌ನ ಹೆಸರು ಬಿಲ್ಲಿನಲ್ಲಿ ಬರಬೇಕು.

ಗೊತ್ತಿಲ್ಲದವರಿಗೆ ಒಂದೆರಡು ಮಾತು. ಗೇರ್‌ಬಾಕ್ಸಿನ ಬೆನ್ನಿಗೆ ಅಂಟಿಕೊಂಡಿರುವ, ಅಥವಾ ಜಿಪ್ಸಿಯಲ್ಲಿರುವ ಹಾಗೆ ಬೇರೆಯಾಗಿ ಚೇಸಿಗೆ ನೇತುಹಾಕಿರುವ ಡಬ್ಬಿಯೇ ಟ್ರಾನ್ಸ್‌ಫರ್ ಕೇಸ್. ಗೇರ್‌ಬಾಕ್ಸಿನಿಂದ ಬಂದ ತಿರುಗುವಿಕೆಯನ್ನು ಎರಡು ಪ್ರೊಪೆಲ್ಲರ್ ಶಾಫ್ಟಿಗೆ ಹಂಚಿ ಮುಂದಿನ ಆಕ್ಸಲ್ ಹೌಸಿಂಗಿಗೊಂದು, ಹಿಂದಿನದಕ್ಕೊಂದು ಕಳಿಸುತ್ತದೆ. ‘ಲೋ’ ಹಾಕಿದಾಗ ವೇಗ ಇಳಿಸಿ ಬಲ ಏರಿಸುವುದೂ ಅದರದ್ದೇ ಕೆಲಸ. ವಿಲ್ಲಿಸ್ ಕಾಲದಿಂದ ಬಂದ ಹಳೇ ಮಹೀಂದ್ರಾ ಜೀಪುಗಳ ಡಾನಾ-18 ಮಾದರಿಯ ಕೇಸಿನಲ್ಲಿ ಲೋ ಅನುಪಾತ 2.46. ಅಂದರೆ ಗೇರ್‌ಬಾಕ್ಸಿನಿಂದ ಬಂದ ಬಲ ಅಲ್ಲಿ ಸುಮಾರು ಎರಡೂವರೆ ಪಟ್ಟಾಗುತ್ತದೆ. ಮೆಣಸಿನ ಮೂಟೆ ಹೇರಿಕೊಂಡು ಕೆಸರಿನ ಏರು ಹತ್ತುವಾಗ ಅಷ್ಟೂ ಒತ್ತಡ ಹಲ್ಲಿನ ಮೇಲೆ ಬೀಳುತ್ತದೆ. ಹಲ್ಲಿಗೂ ಹಲ್ಲಿಗೂ ನಡುವೆ ಇರುವುದು ಆಯಿಲ್‌ನ ಒಂದು ಪದರ ಮಾತ್ರ.

ಆ ಹಳೇ ಜೀಪುಗಳ ಕಾಲದಲ್ಲಿ ಆಯ್ಕೆಯ ತಲೆನೋವೇ ಇರಲಿಲ್ಲ. ಒಳಗಿದ್ದದ್ದು ಬರೀ ಗೇರು, ಬೇರಿಂಗು, ಶಾಫ್ಟು. ಗೇರ್‌ಬಾಕ್ಸಿಗೂ ಟ್ರಾನ್ಸ್‌ಫರಿಗೂ ಒಂದೇ ‘ತೊಂಬತ್ತು’, ಅಂದರೆ 90ರ ಗೇರ್ ಆಯಿಲ್. ಸೀಲಿನಲ್ಲಿ ಸೋರುವುದು ಜೀಪಿನ ಹುಟ್ಟುಗುಣ, ಆದ್ದರಿಂದ ಡ್ರೈವರ್‌ಗಳೇ ಅಡಿಗೆ ತೂರಿ, ಬಿರಡೆ ಬಿಚ್ಚಿ, ಬೆರಳು ತೂರಿಸಿ ಮಟ್ಟ ನೋಡಿ ಸುರಿದುಕೊಳ್ಳುತ್ತಿದ್ದರು. ತಮಾಷೆಯೆಂದರೆ, ಸೋರಿ ಸೋರಿ ತುಂಬಿಸಿ ತುಂಬಿಸಿ ಆಯಿಲ್ ತಾನೇ ಹೊಸದಾಗುತ್ತಿತ್ತು. ಈಗಿನ ಗಾಡಿಗಳು ಸೋರುವುದಿಲ್ಲ. ಹಾಗಾಗಿ ಹುಟ್ಟಿದ ದಿನ ಹಾಕಿದ್ದೇ ಒಳಗೆ ಹಳಸುತ್ತಾ ಕೂರುತ್ತದೆ.

ಆಮೇಲೆ ಡಬ್ಬಿಯ ಒಳಗೇ ಬದಲಾವಣೆ ಬಂತು. ಗೇರಿನ ಜಾಗಕ್ಕೆ ಅಗಲವಾದ ಚೈನು ಬಂತು. 2010ರ ಥಾರ್ ಸಿಆರ್‌ಡಿಇಗೆ ಬಂದ ಬೋರ್ಗ್‌ವಾರ್ನರ್ ಕೇಸನ್ನು ನಮ್ಮ ಕಡೆಯ ಎಷ್ಟೋ ಮೆಕ್ಯಾನಿಕ್‌ಗಳು ಕೈಯಾರೆ ಬಿಚ್ಚಿದ್ದಾರೆ. ಲಿವರ್ ಹೋಗಿ ಗುಂಡಿ ಬಂತು, ಗುಂಡಿ ಒತ್ತಿದರೆ ತಿರುಗುವ ಮೋಟರು ಬಂತು. ದುಬಾರಿ ಗಾಡಿಗಳಲ್ಲಿ ಒಳಗೇ ಕ್ಲಚ್ ಪ್ಲೇಟುಗಳ ಕಟ್ಟು ಬಂತು. ಅಂದ ಹಾಗೆ, ಟ್ರಾನ್ಸ್‌ಫರ್ ಕೇಸ್ ತಯಾರಿಸುವ ದಿವ್ಗಿ ಟಾರ್ಕ್‌ಟ್ರಾನ್ಸ್‌ಫರ್ ಕಂಪನಿಗೆ ಪುಣೆಯ ಸುತ್ತ ಮಾತ್ರವಲ್ಲ, ನಮ್ಮ ಶಿರಸಿಯಲ್ಲೂ ಕಾರ್ಖಾನೆ ಇದೆ. 2023ರಲ್ಲಿ ಅದು ಷೇರುಪೇಟೆಗೆ ಬಂದಾಗ ಪತ್ರಿಕೆಗಳಲ್ಲೂ ಬಂದಿತ್ತು. ಅಡಿಕೆ, ಯಕ್ಷಗಾನ, ಮಾರಿಕಾಂಬೆ ಜಾತ್ರೆಗೆ ಹೆಸರಾದ ಊರಿನಲ್ಲಿ ಇಂಥದ್ದೊಂದು ಕೆಲಸ ನಡೆಯುತ್ತದೆ ಅನ್ನುವುದು ಶಿರಸಿಯವರಲ್ಲೇ ಎಷ್ಟು ಜನಕ್ಕೆ ಗೊತ್ತೋ.

ಒಳಗೆ ಇಷ್ಟು ಬದಲಾದರೂ ನಮ್ಮ ತಲೆಯಲ್ಲಿ ಕೂತಿರುವುದು ಹಳೇ ನಂಬಿಕೆ: ಆಯಿಲ್ ದಪ್ಪ ಇದ್ದಷ್ಟೂ ಒಳ್ಳೆಯದು. ಕೇಸು ಗುಂಯ್‌ಗುಟ್ಟಿದರೆ ‘ನೂರಾನಲವತ್ತು ಹಾಕು, ಸದ್ದು ನಿಲ್ಲುತ್ತೆ’ ಅನ್ನುತ್ತಾರೆ. ಸದ್ದು ನಿಲ್ಲುವುದೂ ನಿಜ. ಆದರೆ ಚೈನಿನ ಕೇಸುಗಳಲ್ಲಿ ಬಹಳಷ್ಟಕ್ಕೆ ಕಂಪನಿಯವರು ಹೇಳುವುದು ಆಟೊಮ್ಯಾಟಿಕ್ ಗೇರ್‌ಬಾಕ್ಸಿನ ತೆಳು ಆಯಿಲ್, ನಾವು ಎಟಿಎಫ್ ಅನ್ನುವುದು. ಡೆಕ್ಸ್ರಾನ್-3 ಜಾತಿಯ ಎಟಿಎಫ್ 100 ಡಿಗ್ರಿ ಬಿಸಿಯಲ್ಲಿ ಏಳರಿಂದ ಏಳೂವರೆ ಸೆಂಟಿಸ್ಟೋಕ್ (ಆಯಿಲ್‌ನ ದಪ್ಪದ ಅಳತೆ) ಇರುತ್ತದೆ. ಅದೇ ಬಿಸಿಯಲ್ಲಿ 90ರ ಗೇರ್ ಆಯಿಲ್ 13.5ರಿಂದ 18.5ರ ಒಳಗೆ, 140 ಅಂದರೆ 24ರ ಮೇಲೆ. ಮೂರು ಪಟ್ಟಿಗೂ ಹೆಚ್ಚು ದಪ್ಪ. ಇಂಥ ಕೇಸುಗಳಲ್ಲಿ ಶಾಫ್ಟಿನ ಮೇಲೆ ಒಂದು ಪುಟ್ಟ ಪಂಪು ಇರುತ್ತದೆ. ತಳದಿಂದ ಆಯಿಲ್ ಎಳೆದು ಮೇಲಿನ ಬೇರಿಂಗು ಬುಶ್ಶುಗಳಿಗೆ ಕಳಿಸುವುದು ಅದರ ಕೆಲಸ. ಡಿಸೆಂಬರಿನ ಬೆಳಗಿನ ಚಳಿಯಲ್ಲಿ 140ರ ಆಯಿಲ್ ಆ ಪಂಪಿನ ಬಾಯಿಗೆ ಬರುವುದೇ ನಿಧಾನ. ಅಷ್ಟರಲ್ಲಿ ಮೇಲೆ ಒಣಗಿದ ಲೋಹ ಉಜ್ಜಿರುತ್ತದೆ.

ಇನ್ನೊಂದು ಗೊಂದಲ ಡಬ್ಬದ ಮೇಲಿನ ನಂಬರಿನದ್ದು. ‘ಎಂಜಿನ್ನಿಗೇ 40 ಸಾಕಾಗುತ್ತೆ, ಇದಕ್ಕೆ 90 ಯಾಕೆ ಸಾರ್, ಡಬಲ್ ದಪ್ಪ ಅಲ್ವಾ?’ ಎಂದು ಓದಿದವರೇ ಕೇಳುತ್ತಾರೆ. ಗೇರ್ ಆಯಿಲ್‌ನ ಅಳತೆಗೋಲೇ ಬೇರೆ. ಎಂಜಿನ್ ಆಯಿಲ್ 40 ಅಂದರೆ 12.5ರಿಂದ 16.3 ಸೆಂಟಿಸ್ಟೋಕ್. ಗೇರ್ ಆಯಿಲ್ 90ಕ್ಕೆ ಅದು ಹೆಚ್ಚುಕಡಿಮೆ ಅಕ್ಕಪಕ್ಕದ ಮನೆ.

ದಪ್ಪದ ಮಾತು ಮುಗಿದರೆ ಜಿಎಲ್ ಮಾತು. ಡಬ್ಬದ ಮೇಲೆ ಜಿಎಲ್-4 ಅಂತಲೋ ಜಿಎಲ್-5 ಅಂತಲೋ ಇರುತ್ತದೆ. 5 ಅಂದರೆ 4ಕ್ಕಿಂತ ಮೇಲು, ಹಾಗಾಗಿ ಎಲ್ಲದಕ್ಕೂ 5 ಹಾಕು ಅನ್ನುವುದು ಅಂಗಡಿಯವರ ತರ್ಕ. ಅದು ಪರೀಕ್ಷೆಯ ರ್‍ಯಾಂಕ್ ಅಲ್ಲ, ಕೆಲಸದ ವರ್ಗ. ಹೌಸಿಂಗಿನೊಳಗೆ ಕ್ರೌನ್ ಪಿನಿಯನ್ ಹಲ್ಲುಗಳು ಒಂದರ ಮೇಲೊಂದು ಜಾರುತ್ತಾ ಒತ್ತುತ್ತವೆ. ಅದನ್ನು ತಡೆಯಲು ಜಿಎಲ್-5ರಲ್ಲಿ ಗಂಧಕ, ರಂಜಕದ ರಾಸಾಯನಿಕಗಳನ್ನು ಜಿಎಲ್-4ರ ಸುಮಾರು ಎರಡು ಪಟ್ಟು ಹಾಕಿರುತ್ತಾರೆ. ಡಬ್ಬ ಬಿಚ್ಚಿದೊಡನೆ ಮೂಗಿಗೆ ಹೊಡೆಯುವ ನಾತ ಅದೇ. ಹಿತ್ತಾಳೆ, ಕಂಚಿನ ರಿಂಗುಗಳಿರುವ ಕಡೆ ಇದೇ ಗಂಧಕ ಬಿಸಿಯೇರಿದಾಗ ಆ ಲೋಹವನ್ನೇ ತಿನ್ನಬಹುದು. ಆದ್ದರಿಂದ ಕೇಸಿಗೆ ಜಿಎಲ್-4 ಅಂದಿದ್ದರೆ 4, 5 ಅಂದಿದ್ದರೆ 5. ಎರಡಕ್ಕೂ ಆಗುತ್ತದೆ ಎಂದು ಡಬ್ಬದ ಮೇಲೇ ಬರೆದ ಆಯಿಲ್‌ಗಳೂ ಇವೆ, ಅದು ಬೇರೆ ಮಾತು. ಟೊಯೋಟಾದವರಂತೂ ಹೊಸ ಫಾರ್ಚುನರ್ ಬಳಗಕ್ಕೆ ಟ್ರಾನ್ಸ್‌ಫರ್ ಗೇರ್ ಆಯಿಲ್ ಎಲ್‌ಎಫ್ 75ಡಬ್ಲ್ಯೂ ಎಂದು ಅದಕ್ಕೇ ಒಂದು ಆಯಿಲ್ ಮಾಡಿಟ್ಟಿದ್ದಾರೆ. ಹಿಂದಿನ ಹೌಸಿಂಗಿಗೆ ತಂದು ಉಳಿದದ್ದನ್ನು ಅದಕ್ಕೂ ಸುರಿಯುವ ನಮ್ಮ ಜುಗಾಡು ಅಲ್ಲಿ ನಡೆಯುವುದಿಲ್ಲ.

ಕ್ಲಚ್ ಪ್ಲೇಟಿನ ಕೇಸುಗಳದ್ದು ಇನ್ನೂ ನಾಜೂಕು. ಬಿಎಂಡಬ್ಲ್ಯೂ 2003ರಲ್ಲಿ ತಂದ ಎಕ್ಸ್‌ಡ್ರೈವ್ ವ್ಯವಸ್ಥೆ ಇಂಥದ್ದು. ಹಿಂದಿನ ಚಕ್ರಕ್ಕೆ ನೇರ ಶಕ್ತಿ ಹೋಗುತ್ತಿರುತ್ತದೆ. ಮುಂದಿನದಕ್ಕೆ ಬೇಕಾದಾಗ ಒಂದು ಸಣ್ಣ ಮೋಟರು ಪ್ಲೇಟುಗಳನ್ನು ಒತ್ತುತ್ತದೆ, ಒತ್ತಿದಷ್ಟು ಶಕ್ತಿ ಮುಂದೆ ಹೋಗುತ್ತದೆ. ಆ ಪ್ಲೇಟುಗಳು ಸದಾ ಆಯಿಲ್‌ನಲ್ಲಿ ಮುಳುಗಿರುತ್ತವೆ. ಇಲ್ಲಿ ಆಯಿಲ್‌ಗೆ ಎರಡು ಕೆಲಸ: ಗೇರು ಬೇರಿಂಗು ಜಾರಬೇಕು, ಪ್ಲೇಟುಗಳು ಹದವಾಗಿ ಹಿಡಿಯಲೂಬೇಕು. ಹಿಡಿತದ ಈ ಹದ ಬರುವುದು ಆಯಿಲ್‌ಗೆ ಬೆರೆಸಿದ ಮಸಾಲೆಯಿಂದ. ಆ ಮಸಾಲೆ ಸವೆದುಹೋದಾಗ ನಿಧಾನಕ್ಕೆ ತಿರುವು ಹಾಕುವಾಗ ಗಾಡಿ ಅಡಿಯಿಂದ ಜುಗುಜುಗು ನಡುಗುತ್ತದೆ. ಮೊದಲೇ ತಪ್ಪು ಆಯಿಲ್ ಹಾಕಿದ್ದರೆ ಷೋರೂಮಿನ ಗೇಟು ದಾಟುವ ಮೊದಲೇ ನಡುಗಬಹುದು. ಕಂಪ್ಯೂಟರು ಹಳೇ ಆಯಿಲ್‌ನ ಹಿಡಿತಕ್ಕೆ ತಕ್ಕಂತೆ ಲೆಕ್ಕ ಇಟ್ಟುಕೊಂಡಿರುತ್ತದೆ. ಹೊಸದು ಹಾಕಿದ ಮೇಲೆ ಸ್ಕ್ಯಾನರ್ ಚುಚ್ಚಿ ಆ ಲೆಕ್ಕವನ್ನು ಅಳಿಸಬೇಕು. ಆ ಸಲಕರಣೆ ಇಲ್ಲದವರು ಈ ಕೆಲಸಕ್ಕೆ ಕೈಹಾಕಬಾರದು. ಹಾಕಬೇಡಿ ಅಂತ ನಾನೇ ಎಷ್ಟೋ ಜನಕ್ಕೆ ಹೇಳಿ ಹಾಸನಕ್ಕೋ ಬೆಂಗಳೂರಿಗೋ ಕಳಿಸಿದ್ದೇನೆ.

ಹಾಗೆಂದು ‘ಎಡಬ್ಲ್ಯುಡಿ’ (ಆಲ್ ವೀಲ್ ಡ್ರೈವ್) ಬಿಲ್ಲೆ ಅಂಟಿಸಿದ ಎಲ್ಲದಕ್ಕೂ ಟ್ರಾನ್ಸ್‌ಫರ್ ಕೇಸ್ ಇರುವುದಿಲ್ಲ. ಡಸ್ಟರ್ ಎಡಬ್ಲ್ಯುಡಿ, ಎಕ್ಸ್‌ಯುವಿ 500, ಕಂಪಾಸ್ ಥರದ, ಎಂಜಿನ್ ಅಡ್ಡಡ್ಡ ಕೂತಿರುವ ಗಾಡಿಗಳಲ್ಲಿ ಮುಂದಿನ ಗೇರ್‌ಬಾಕ್ಸಿನ ಪಕ್ಕಕ್ಕೆ ಒಂದು ಪುಟ್ಟ ಡಬ್ಬಿ ಇರುತ್ತದೆ, ಪಿಟಿಯು ಅನ್ನುತ್ತಾರೆ. ಲೋ ಇಲ್ಲ, ಲಿವರ್ ಇಲ್ಲ. ಹಿಡಿಯುವ ಆಯಿಲ್ ಸಾಮಾನ್ಯವಾಗಿ ಒಂದು ಲೀಟರಿಗೂ ಕಡಿಮೆ, ಕೂತಿರುವ ಜಾಗ ಎಂಜಿನ್ನಿನ ಕಾವಿನ ಮಗ್ಗುಲು. ಕಡಿಮೆ ಆಯಿಲ್, ಹೆಚ್ಚು ಬಿಸಿ. ಆಯಿಲ್ ಬೇಗ ಕೆಡಲು ಇದಕ್ಕಿಂತ ಒಳ್ಳೆಯ ಏರ್ಪಾಡು ಬೇಕೇ? ಈ ಗಾಡಿಗಳ ಮಾಲೀಕರಂತೂ ತಮ್ಮ ಗಾಡಿಯಲ್ಲಿ ಅಂಥದ್ದೊಂದು ಇದೆ ಎಂದೇ ನಂಬುವುದಿಲ್ಲ.

ಬದಲಿಸುವ ಕೆಲಸ ನೋಡಿದರೆ ಸುಲಭ. ಗಾಡಿ ಹತ್ತು ಹದಿನೈದು ಕಿಲೋಮೀಟರ್ ಓಡಿಸಿ ಬಂದು, ಆಯಿಲ್ ಬೆಚ್ಚಗಿರುವಾಗ, ಸಮತಟ್ಟಾದ ಕಡೆ ಅಥವಾ ರ್‍ಯಾಂಪಿನ ಮೇಲೆ ನಿಲ್ಲಿಸಬೇಕು. ಕೇಸಿನ ಬೆನ್ನಲ್ಲಿ ಎರಡು ಬಿರಡೆ: ಮೇಲಿನದ್ದು ತುಂಬಲು, ಕೆಳಗಿನದ್ದು ಖಾಲಿ ಮಾಡಲು. ಮೊದಲು ಬಿಚ್ಚಬೇಕಾದ್ದು ಮೇಲಿನದ್ದು. ನಮ್ಮಲ್ಲಿಗೆ ಸೇರುವ ಹುಡುಗರಿಗೆಲ್ಲ ನಾನು ಮೊದಲು ಕಲಿಸುವುದು ಇದೇ. ಕೆಳಗಿನದ್ದನ್ನು ಬಿಚ್ಚಿ ಆಯಿಲ್ ಎಲ್ಲ ಸುರಿದ ಮೇಲೆ ಮೇಲಿನ ಬಿರಡೆ ತುಕ್ಕು ಹಿಡಿದು ಕೂತಿದ್ದರೆ, ತುಂಬಲು ದಾರಿಯಿಲ್ಲದೆ ಗಾಡಿ ಅಲ್ಲೇ ಅನಾಥವಾಗಿ ಕೂರುತ್ತದೆ.

ಕೆಳಗಿನ ಬಿರಡೆ ಸಡಿಲಿಸಿ ಕೊನೆಯ ಸುತ್ತು ಕೈಯಲ್ಲೇ ತಿರುಗಿಸಿದಾಗ ಮೊದಲ ಧಾರೆ ಮುಂಗೈ ಮೇಲೆ ಇಳಿಯುತ್ತದೆ. ಅದರ ಬಣ್ಣ, ವಾಸನೆ ಅಲ್ಲೇ ಅರ್ಧ ಕಥೆ ಹೇಳಿಬಿಡುತ್ತದೆ. ಎಟಿಎಫ್ ಆಗಿದ್ದರೆ ಕೆಂಪು ಹೋಗಿ ಕಂದಾಗಿರುತ್ತದೆ. ಅದು ವಯಸ್ಸು, ರೋಗವಲ್ಲ. ಸುಟ್ಟ ನಾತ ಬಂದರೆ ಯೋಚನೆ ಮಾಡಬೇಕು. ಬಿರಡೆಯ ತುದಿಯಲ್ಲಿ ಅಯಸ್ಕಾಂತ ಇದ್ದರೆ ಅದಕ್ಕೆ ಅಂಟಿದ್ದನ್ನು ಹೆಬ್ಬೆರಳು ತೋರುಬೆರಳಿನ ನಡುವೆ ಹಾಕಿ ಉಜ್ಜಿ ನೋಡುತ್ತೇನೆ. ಕಾಡಿಗೆಯಂತೆ ನುಣ್ಣಗಿನ ಬೂದು ಲೇಪ ಸಿಕ್ಕಿದರೆ ಎಲ್ಲ ಸರಿ ಇದೆ, ಹಲ್ಲುಗಳು ಸವೆಯುವಷ್ಟು ಸವೆಯುತ್ತವೆ. ಚರ್ಮಕ್ಕೆ ಚುಚ್ಚುವ ಚೂರು ಸಿಕ್ಕಿದರೆ, ಮಿನುಗುವ ಸಿಪ್ಪೆ ಸಿಕ್ಕಿದರೆ ಮಾಲೀಕರನ್ನು ಕರೆದು ಅವರ ಬೆರಳಿಗೂ ಸವರುತ್ತೇನೆ. ಆಮೇಲೆ ವಾದ ಬರುವುದಿಲ್ಲ.

ಖಾಲಿಯಾದ ಮೇಲೆ ಹೊಸ ವಾಷರ್ ಹಾಕಿ ಕೆಳಗಿನ ಬಿರಡೆ ಬಿಗಿಯಬೇಕು. ಕೇಸು ಅಲ್ಯೂಮಿನಿಯಂ. ಭುಜದ ಬಲ ತೋರಿಸಿದರೆ ಥ್ರೆಡ್ ಕಿತ್ತು ಬರುತ್ತದೆ, ಆದ್ದರಿಂದ ಟಾರ್ಕ್ ಪಾನಾ ಇಲ್ಲದೆ ಮುಟ್ಟಬಾರದು. ಮೇಲಿನ ತೂತಿನಿಂದ ಪಂಪಿನಲ್ಲಿ ತುಂಬಿ, ಹೊರಗೆ ಎಳೆಯಾಗಿ ಹರಿಯಲು ಶುರುವಾದಾಗ ನಿಲ್ಲಿಸಬೇಕು. ಬಹಳಷ್ಟು ಗಾಡಿಗಳಲ್ಲಿ ಇದು ಒಂದರಿಂದ ಎರಡು ಲೀಟರಿನ ಒಳಗಿನ ವ್ಯವಹಾರ. ಇಷ್ಟೇ. ಎಂಜಿನ್ ಆಯಿಲ್ ಬದಲಿಸುವುದಕ್ಕಿಂತ ಕಷ್ಟವೇನಲ್ಲ, ಫಿಲ್ಟರಿನ ಗೊಡವೆಯೂ ಇಲ್ಲ.

ನಮ್ಮ ಕಡೆಯ ಮಳೆಗಾಲಕ್ಕೆ ಇನ್ನೊಂದು ವಿಷಯ ಸೇರಿಸಲೇಬೇಕು. ಆಯಿಲ್ ಇಳಿಸಿದಾಗ ಹಾಲು ಬೆರೆತ ಹಾಗೆ ಬಿಳಿಚಿಕೊಂಡಿದ್ದರೆ ಒಳಗೆ ನೀರು ಹೋಗಿದೆ ಎಂದರ್ಥ. ಹೋಗುವುದು ಹೀಗೆ: ಏರು ಹತ್ತಿ ಕಾದ ಕೇಸು ಹಳ್ಳದ ತಣ್ಣೀರಿಗೆ ಇಳಿದಾಗ ಒಳಗಿನ ಗಾಳಿ ಫಕ್ಕನೆ ಕುಗ್ಗುತ್ತದೆ. ಕುಗ್ಗಿದ ಗಾಳಿಯ ಜಾಗ ತುಂಬಲು ಬ್ರೀದರ್ ಎಂಬ ಸಣ್ಣ ನಳಿಗೆ ಇದೆ. ಅದರ ಬಾಯಿಗೆ ಕೆಸರು ಕಟ್ಟಿದ್ದರೆ ಕೇಸು ಸೀಲಿನ ಸಂದಿಯಿಂದಲೇ ನೀರು ಹೀರುತ್ತದೆ. ಕೊಡಚಾದ್ರಿಗೆ, ಮಾಂದಲಪಟ್ಟಿಗೆ ಪ್ರವಾಸಿಗರನ್ನು ಹೊತ್ತು ದಿನವೂ ಹತ್ತಿ ಇಳಿಯುವ ಜೀಪಿನವರಿಗೆ ಬ್ರೀದರ್ ಎಂದರೇನು ಎಂದು ಹೇಳಿಕೊಡಬೇಕಿಲ್ಲ. ಹೇಳಬೇಕಾದ್ದು ಶನಿವಾರ ಭಾನುವಾರ ಹೋಮ್‌ಸ್ಟೇಗೆ ಬಂದು, ಫೋಟೊಕ್ಕಾಗಿ ಹಳ್ಳದ ನಡುವೆ ಗಾಡಿ ನಿಲ್ಲಿಸಿಕೊಂಡು ಕೂರುವವರಿಗೆ. ಚಕ್ರದ ಗುಂಭ ಮುಳುಗುವಷ್ಟು ನೀರಿನಲ್ಲಿ ನಿಂತಿದ್ದ ಗಾಡಿಯ ಕೇಸಿನ ಬಿರಡೆ ಬಿಚ್ಚಿ ನೋಡದೆ ವಾಪಸ್ ಬೆಂಗಳೂರಿಗೆ ಹೋಗಬೇಡಿ. ನೀರು ಬೆರೆತ ಆಯಿಲ್‌ನಲ್ಲಿ ಬೇರಿಂಗಿಗೆ ತುಕ್ಕು ಹಿಡಿಯಲು ವರ್ಷ ಬೇಕಾಗುವುದಿಲ್ಲ.

ಆಯಿಲ್ ಸರಿಯಿದ್ದೂ ಕೇಸು ಹಾಳಾಗುವುದುಂಟು. ಬೆಂಗಳೂರಿನಿಂದ ಸೆಕೆಂಡ್ ಹ್ಯಾಂಡ್ ತಂದ ಒಂದು ಬಿಳಿ ಎಸ್‌ಯುವಿ ನಮ್ಮಲ್ಲಿಗೆ ಬಂತು, ತೋಟದವರದ್ದು. ನಡುಕದ ದೂರು. ಎಲ್ಲೋ ಆಗಲೇ ಆಯಿಲ್ ಬದಲಿಸಿದ್ದರು, ಸರಿಯಾದದ್ದನ್ನೇ. ಗಾಡಿಯ ಸುತ್ತ ಒಂದು ಸುತ್ತು ಬಂದರೆ ಸಾಕಿತ್ತು: ಮುಂದೆ ಎರಡು ಹೊಚ್ಚ ಹೊಸ ಟೈರು, ಹಿಂದೆ ಎರಡು ಬೋಳು. ಲೆಕ್ಕ ಹಾಕಿ. 235/65 ಆರ್17 ಟೈರಿನ ವ್ಯಾಸ ಸುಮಾರು 737 ಮಿಲಿಮೀಟರ್. ಹಿಂದಿನದ್ದು ಐದು ಮಿಲಿಮೀಟರ್ ಸವೆದಿದ್ದರೆ ವ್ಯಾಸದಲ್ಲಿ ಹತ್ತು ಮಿಲಿಮೀಟರ್ ಕಡಿಮೆ, ಅಂದರೆ ನೂರಕ್ಕೆ ಒಂದೂಕಾಲಿಗಿಂತ ಹೆಚ್ಚು ವ್ಯತ್ಯಾಸ. ನೂರು ಕಿಲೋಮೀಟರ್ ಓಡಿದರೆ ಹಿಂದಿನ ಚಕ್ರ ಮುಂದಿನದಕ್ಕಿಂತ ಒಂದು ಕಿಲೋಮೀಟರಿಗೂ ಮಿಕ್ಕಿ ಹೆಚ್ಚು ಸುತ್ತಿರುತ್ತದೆ. ಆ ವ್ಯತ್ಯಾಸವನ್ನೆಲ್ಲ ದಾರಿಯುದ್ದಕ್ಕೂ ನುಂಗಬೇಕಾದ್ದು ಕೇಸಿನೊಳಗಿನ ಪ್ಲೇಟುಗಳು. ಎಡಬ್ಲ್ಯುಡಿ ಗಾಡಿಗೆ ಟೈರು ಹಾಕಿಸುವಾಗ ನಾಲ್ಕೂ ಒಟ್ಟಿಗೆ ಹಾಕಿಸಿ ಎನ್ನುವುದು ಟೈರು ಮಾರುವವರ ಲಾಭಕ್ಕೆ ಹುಟ್ಟಿದ ಮಾತಲ್ಲ. ಹಾಗೆಯೇ ಥಾರ್, ಜಿಮ್ನಿಯಂಥ ಪಾರ್ಟ್ ಟೈಮ್ ಗಾಡಿಗಳಲ್ಲಿ ಒಣ ಡಾಂಬರಿನ ಮೇಲೆ ಫೋರ್ ಹಾಕಿ ತಿರುವು ತಿರುಗಿಸುವ ಷೋಕಿ ಬೇಡ. ಮುಂದಿನ ಹಿಂದಿನ ಶಾಫ್ಟುಗಳು ಒಂದನ್ನೊಂದು ತಿರುಚುತ್ತವೆ. ಯಾವ ಆಯಿಲ್ ಹಾಕಿದರೂ ಆ ತಿರುಚು ತಪ್ಪುವುದಿಲ್ಲ.

ಎಷ್ಟು ಕಿಲೋಮೀಟರಿಗೆ ಬದಲಿಸಬೇಕು? ಗಾಡಿಯ ಪುಸ್ತಕ ಏನು ಹೇಳುತ್ತದೋ ಅದು. ಪುಸ್ತಕ ಬಾಯಿ ಬಿಡದಿದ್ದರೆ ನಾನು ಹೇಳುವುದು ಇಷ್ಟು: ಹೆದ್ದಾರಿಯ ಗಾಡಿಗೆ 40 ಸಾವಿರದಿಂದ 60 ಸಾವಿರದ ನಡುವೆ, ತೋಟ, ಕೆಸರು, ಹಳ್ಳ, ಟ್ರೈಲರ್ ಎಳೆಯುವ ಗಾಡಿಗೆ ಅದರ ಅರ್ಧಕ್ಕೆ. ಮಳೆಗಾಲ ಮುಗಿದ ಮೇಲೆ ಒಮ್ಮೆ ಮೇಲಿನ ಬಿರಡೆ ಬಿಚ್ಚಿ ಮಟ್ಟ ಮತ್ತು ಬಣ್ಣ ನೋಡುವುದು. ಪ್ರತಿ ಹತ್ತು ಸಾವಿರಕ್ಕೆ ಬದಲಿಸಿ, ಮೇಲೊಂದು ಬಾಟಲಿ ಮಾಂತ್ರಿಕ ಅಡಿಟಿವ್ ಸುರಿಸಿಕೊಳ್ಳಿ ಅನ್ನುವವರಿಂದ ದೂರ ಇರಿ. ಅದು ಜೇಬಿಗೆ ಕತ್ತರಿ. ಕ್ಲಚ್ ಪ್ಲೇಟಿನ ಕೇಸಿಗೆ ಅಡಿಟಿವ್ ಹಾಕಿದರೆ ಹಿಡಿತದ ಹದವೂ ಕೆಡುತ್ತದೆ. ಫೋರ್ ಹಾಕುವುದೇ ಅಪರೂಪ ಅನ್ನುವವರು ತಿಂಗಳಿಗೊಮ್ಮೆ ಮಣ್ಣುರಸ್ತೆಯಲ್ಲಿ ಒಂದಷ್ಟು ದೂರ ಫೋರ್ ಹಾಕಿ ಓಡಿಸಿ, ಮುಂದಿನ ಭಾಗಗಳಿಗೂ ಆಯಿಲ್ ಮುಟ್ಟಲಿ.

ಈಗ ‘ಲೈಫ್‌ಟೈಮ್’ನವರ ಹತ್ತಿರ ಬರೋಣ. ಅವರ ಸಮರ್ಥನೆ ನನಗೆ ಗೊತ್ತು. ಈಗಿನ ಸಿಂಥೆಟಿಕ್ ಆಯಿಲ್‌ಗಳು ಹಿಂದಿನವಕ್ಕಿಂತ ಬಹಳ ಬಾಳುತ್ತವೆ, ಕೇಸು ಮುಚ್ಚಿರುತ್ತದೆ, ಎಂಜಿನ್ನಿನ ಹಾಗೆ ಒಳಗೆ ಹೊಗೆ ಮಸಿ ಇಲ್ಲ. ಎಲ್ಲ ಸರಿ. ಆದರೆ ಗಾಡಿ ಕಂಪನಿಗಳು ಲೈಫ್‌ಟೈಮ್ ಎನ್ನುವ ಆಟೊಮ್ಯಾಟಿಕ್ ಗೇರ್‌ಬಾಕ್ಸಿಗೇ, ಅದನ್ನು ತಯಾರಿಸಿಕೊಡುವ ಜರ್ಮನಿಯ ಜ಼ಡ್‌ಎಫ್ ಕಂಪನಿ 80 ಸಾವಿರದಿಂದ 1 ಲಕ್ಷ 20 ಸಾವಿರ ಕಿಲೋಮೀಟರಿಗೆ ಅಥವಾ ಎಂಟು ವರ್ಷಕ್ಕೆ ಆಯಿಲ್ ಬದಲಿಸಿ ಎನ್ನುತ್ತದೆ. ಹೆತ್ತವರು ಒಂದು ಹೇಳುತ್ತಾರೆ, ಮಾರುವವರು ಇನ್ನೊಂದು. ಮೊದಲ ಮಾಲೀಕ ಐದಾರು ವರ್ಷಕ್ಕೆ ಗಾಡಿ ಮಾರುತ್ತಾನೆ, ಅಷ್ಟರವರೆಗೆ ಏನೂ ಆಗುವುದಿಲ್ಲ, ಖರ್ಚು ಕಡಿಮೆಯ ಗಾಡಿ ಎಂದು ಹೆಸರೂ ಬರುತ್ತದೆ. ಕೇಸು ಕೈಕೊಡುವುದು ಎರಡನೇ, ಮೂರನೇ ಮಾಲೀಕನ ಕೈಯಲ್ಲಿ. ಅವನು ಸಾಮಾನ್ಯವಾಗಿ ನಮ್ಮ ಕಡೆಯವನು. ನೂರರ ಲೆಕ್ಕದ, ಹೆಚ್ಚೆಂದರೆ ಕೆಲವು ಸಾವಿರದ ಆಯಿಲ್ ತಪ್ಪಿಸಿದ್ದಕ್ಕೆ ಅವನು ಲಕ್ಷದ ಮಾತಾಡಬೇಕಾಗುತ್ತದೆ.

2022ರ ಜುಲೈನಲ್ಲಿ ಕೇಂದ್ರದ ಗ್ರಾಹಕ ವ್ಯವಹಾರಗಳ ಇಲಾಖೆ ‘ರೈಟ್ ಟು ರಿಪೇರ್’, ಅಂದರೆ ರಿಪೇರಿಯ ಹಕ್ಕಿಗಾಗಿ ಸಮಿತಿ ಮಾಡಿತು, ಅದೇ ವರ್ಷ ಡಿಸೆಂಬರಿನಲ್ಲಿ ವೆಬ್ ಪೋರ್ಟಲ್ ಕೂಡ ಬಂತು. ಮೊಬೈಲು, ಮನೆಬಳಕೆ ವಸ್ತು, ಕೃಷಿ ಯಂತ್ರಗಳ ಜೊತೆಗೆ ವಾಹನಗಳನ್ನೂ ಅದರಲ್ಲಿ ಸೇರಿಸಿದ್ದಾರೆ. ಒಳ್ಳೆಯದು. ಆದರೆ ನಮಗೆ ಬೇಕಾದ್ದು ಬಹಳ ಸಣ್ಣದು: ಪ್ರತಿ ಮಾದರಿಗೂ ಟ್ರಾನ್ಸ್‌ಫರ್ ಕೇಸಿನ ಆಯಿಲ್‌ನ ನಿಖರ ಹೆಸರು, ಪ್ರಮಾಣ, ಅವಧಿ, ಬಿರಡೆಯ ಟಾರ್ಕ್. ಇದನ್ನು ಡೀಲರ್‌ಗಳ ಪಾಸ್‌ವರ್ಡಿನ ಹಿಂದೆ ಬಚ್ಚಿಡುವಂಥದ್ದೇನೂ ಇಲ್ಲ. ಕೇಸಿನ ಮೈಮೇಲೇ ಒಂದು ಬಿಲ್ಲೆಯಲ್ಲಿ ಕೊರೆದರೆ ಇನ್ನೂ ಚೆಂದ. ಟ್ರ್ಯಾಕ್ಟರ್ ಕೊಂಡವರಿಗೆ ಕನ್ನಡದ ಕೈಪಿಡಿ ಕೊಡುವುದುಂಟು, ಮೂವತ್ತು ಲಕ್ಷದ ಎಸ್‌ಯುವಿ ಕೊಂಡವರಿಗೆ ಇಂಗ್ಲಿಷ್ ಒಂದೇ ಗತಿ. ಗಾಡಿ ಓಡಿಸುವ ಡ್ರೈವರ್, ಅಡಿಗೆ ಮಲಗುವ ಹುಡುಗ ಇಬ್ಬರೂ ಕನ್ನಡ ಓದುವವರೇ. ಬಿಲ್ಲಿನ ಮಾತೂ ಅಷ್ಟೆ. ‘ಗೇರ್ ಆಯಿಲ್, 1’ ಎಂದು ಬರೆದ ಬಿಲ್ಲಿಗೆ ದುಡ್ಡು ಕೊಡಬೇಡಿ. ಯಾವ ಗೇರು, ಯಾವ ಆಯಿಲ್, ಎಷ್ಟು ಎಂದು ಬರೆಸಿ. ಖಾಲಿ ಡಬ್ಬ ಕೇಳಿ ತೋರಿಸಿಕೊಳ್ಳಿ. ನನ್ನ ಗ್ಯಾರೇಜಿಗೆ ಬಂದರೂ ಕೇಳಿ, ನನಗೇನೂ ಬೇಜಾರಿಲ್ಲ.

ಇಳಿಸಿದ ಹಳೇ ಆಯಿಲ್‌ಗೂ ನಮ್ಮಲ್ಲಿ ಗಿರಾಕಿಗಳಿದ್ದಾರೆ. ಬೇಲಿಗೂಟಕ್ಕೆ ಬಳಿದರೆ ಗೆದ್ದಲು ಬರುವುದಿಲ್ಲ ಎಂದು ಕ್ಯಾನು ಹಿಡಿದು ಬರುತ್ತಾರೆ, ಮರ ಕೊಯ್ಯುವ ಚೈನ್‌ಸಾಗೆ ಎಂದು ಬರುತ್ತಾರೆ. ಬಳಕೆಯಾದ ಆಯಿಲ್ ಅಪಾಯಕಾರಿ ತ್ಯಾಜ್ಯಗಳ 2016ರ ನಿಯಮದಡಿ ಬರುತ್ತದೆ, 2024ರ ಏಪ್ರಿಲ್‌ನಿಂದ ಅದನ್ನು ವಾಪಸ್ ಸಂಗ್ರಹಿಸಿ ಮರುಬಳಕೆಗೆ ಕಳಿಸುವ ಹೊಣೆಯನ್ನು ಆಯಿಲ್ ತಯಾರಕರ ಮೇಲೂ ಹೊರಿಸಿದ್ದಾರೆ. ನಿಯಮ ಬಂತು, ನಮ್ಮ ಕಡೆಯ ಸಣ್ಣ ಗ್ಯಾರೇಜುಗಳ ಬಾಗಿಲಿಗೆ ಸಂಗ್ರಹಿಸುವ ಗಾಡಿ ಸರಿಯಾಗಿ ಬರುತ್ತಿಲ್ಲ. ಡ್ರಮ್ಮು ತುಂಬಿದಾಗ ನಾವೇ ಫೋನ್ ಮಾಡಿ ಕಾಯಬೇಕು. ಕಾಯುತ್ತೇವೆ. ಕ್ಯಾನು ಹಿಡಿದು ಬಂದವರಿಗೆ ನಾನು ಕೊಡುವುದಿಲ್ಲ. ಗೂಟಕ್ಕೆ ಬಳಿದದ್ದು ಜೂನ್ ಮಳೆಗೆ ತೊಳೆದು ಹಳ್ಳಕ್ಕೆ, ಹಳ್ಳದಿಂದ ಹೇಮಾವತಿಗೆ ಇಳಿಯುತ್ತದೆ ಎಂದರೆ ‘ಒಂದು ಕ್ಯಾನಿಗೆ ನದಿ ಕೆಡುತ್ತಾ?’ ಅನ್ನುತ್ತಾರೆ. ಆ ಸಿಟ್ಟಿಗೆ ಬೇರೆ ಗ್ಯಾರೇಜು ಹಿಡಿದವರೂ ಇದ್ದಾರೆ. ಹಿಡಿಯಲಿ, ಅಲ್ಲಾದರೂ ಟ್ರಾನ್ಸ್‌ಫರ್ ಕೇಸಿಗೆ ಯಾವ ಆಯಿಲ್ ಹಾಕುತ್ತಾರೆ ಎಂದು ಕೇಳಿಕೊಳ್ಳಲಿ.